ರಬ್ಬರ್ ಧಾರಣೆ ಓದುವುದು, ಲೆಕ್ಕ ಹಾಕುವುದು, ಮಾರುವುದು: ಕರಾವಳಿಯ ಸಣ್ಣ ಬೆಳೆಗಾರರಿಗೆ ಸಮಗ್ರ ಮಾರ್ಗದರ್ಶಿ

ಪೇಪರಿನ ಧಾರಣೆ ಪುಟದಲ್ಲಿ ಒಂದು ರೇಟು, ಅಂಗಡಿಯಲ್ಲಿ ಇನ್ನೊಂದು ರೇಟು. ಬೆಳ್ತಂಗಡಿ, ಕಾರ್ಕಳ, ಬೈಂದೂರು ಕಡೆಯ ರಬ್ಬರ್ ಬೆಳೆಗಾರರು ನಾಲ್ಕು ಜನ ಸೇರಿದರೆ ಮಾತು ಇಲ್ಲಿಗೇ ಬಂದು ನಿಲ್ಲುತ್ತದೆ. ವ್ಯಾಪಾರಿ ಮೋಸ ಮಾಡ್ತಾನೆ ಅಂತ ಒಬ್ಬರು, ಟಯರ್ ಕಂಪನಿಗಳದ್ದೇ ಕಿತಾಪತಿ ಅಂತ ಇನ್ನೊಬ್ಬರು. ಎರಡರಲ್ಲೂ ಸ್ವಲ್ಪ ಸತ್ಯ ಇರಬಹುದು. ಆದರೆ ಕೇರಳದ ಕೊಟ್ಟಾಯಂ ಮಾರುಕಟ್ಟೆಯ ದರವನ್ನು ನಾವು ನೀವು ಬದಲಿಸಲು ಆಗುವುದಿಲ್ಲ. ಆ ದರಕ್ಕೂ ನಮ್ಮ ಕೈಗೆ ಬರುವ ದುಡ್ಡಿಗೂ ನಡುವೆ ಒಂದು ಅಂತರ ಇದೆಯಲ್ಲ, ಅದನ್ನು ಮಾತ್ರ ಕಡಿಮೆ ಮಾಡಬಹುದು. ಈ ಬರಹ ಪೂರ್ತಿ ಆ ಅಂತರದ ಬಗ್ಗೆಯೇ.

ಎರಡು ಮೂರು ಎಕರೆ ರಬ್ಬರ್ ಇಟ್ಟುಕೊಂಡು, ಮಂಗಳೂರಿನಲ್ಲೋ ಉಡುಪಿಯಲ್ಲೋ ಕೆಲಸ ಮಾಡುತ್ತ, ಶನಿವಾರ ಭಾನುವಾರ ತೋಟಕ್ಕೆ ಹೋಗುವವರನ್ನು ಮನಸ್ಸಿನಲ್ಲಿ ಇಟ್ಟುಕೊಂಡು ಬರೆದಿದ್ದೇನೆ. ಉಳಿದವರಿಗೂ ಉಪಯೋಗ ಆದೀತು.

ಹಂತ 1: ಯಾವ ದರ ನೋಡಬೇಕು ಅಂತ ತಿಳಿಯಿರಿ

ದೇಶದ ಮಟ್ಟದಲ್ಲಿ ಎಲ್ಲರೂ ನೋಡುವುದು ರಬ್ಬರ್ ಬೋರ್ಡಿನ ದರ. 1947ರ ರಬ್ಬರ್ ಕಾಯ್ದೆಯಡಿ ಹುಟ್ಟಿದ ಈ ಮಂಡಳಿ ಕೇಂದ್ರ ವಾಣಿಜ್ಯ ಸಚಿವಾಲಯದ ಕೆಳಗೆ ಬರುತ್ತದೆ. ಮುಖ್ಯ ಕಚೇರಿ ಕೊಟ್ಟಾಯಂನಲ್ಲಿ. ಮಾರುಕಟ್ಟೆ ನಡೆಯುವ ದಿನ ಕೊಟ್ಟಾಯಂ ಮತ್ತು ಕೊಚ್ಚಿಯ ದರ ಅದರ ವೆಬ್‌ಸೈಟಿನಲ್ಲಿ ಬರುತ್ತದೆ. ಆರ್‌ಎಸ್‌ಎಸ್-4, ಆರ್‌ಎಸ್‌ಎಸ್-5 ಅಂದರೆ ಹೊಗೆ ಹಾಕಿದ ಶೀಟಿನ ಗ್ರೇಡುಗಳು. ಐಎಸ್‌ಎನ್‌ಆರ್-20 ಅಂದರೆ ಫ್ಯಾಕ್ಟರಿಯಲ್ಲಿ ಮಾಡುವ ಬ್ಲಾಕ್ ರಬ್ಬರ್. ಕೊನೆಯ ಸಾಲಿನ 60 ಪರ್ಸೆಂಟ್ ಲೇಟೆಕ್ಸ್ ನೀವು ತೋಟದಲ್ಲಿ ಸಂಗ್ರಹಿಸುವ ಹಾಲಲ್ಲ, ಅದನ್ನು ಯಂತ್ರದಲ್ಲಿ ಗಟ್ಟಿ ಮಾಡಿದ್ದು. ಆ ದರ ನೋಡಿ ನಿಮ್ಮ ಬ್ಯಾರಲ್ಲಿಗೆ ಲೆಕ್ಕ ಹಾಕಬೇಡಿ.

ಇನ್ನೊಂದು ವಿಷಯ. ಬೋರ್ಡಿನ ಪಟ್ಟಿ 100 ಕೆಜಿ ಲೆಕ್ಕದಲ್ಲಿರುತ್ತದೆ, ನಮ್ಮ ಪೇಪರಿನದ್ದು ಕೆಜಿ ಲೆಕ್ಕದಲ್ಲಿ. ಸುಮ್ನೆ ಕಣ್ಣಾಡಿಸಿದರೆ ಗೊಂದಲ ಆಗುತ್ತದೆ.

ಪುತ್ತೂರು, ಬೆಳ್ತಂಗಡಿ, ಸುಳ್ಯ ಕಡೆಯ ಸ್ಥಳೀಯ ಪಟ್ಟಿಯಲ್ಲಿ ಆರ್‌ಎಸ್‌ಎಸ್ ಗ್ರೇಡುಗಳ ಕೆಳಗೆ ಲಾಟ್, ಸ್ಕ್ರಾಪ್ 1, ಸ್ಕ್ರಾಪ್ 2 ಅಂತ ಇರುತ್ತದೆ. ಲಾಟ್ ಅಂದರೆ ಗ್ರೇಡ್ ಮಾಡದೆ ಒಟ್ಟಾರೆ ತೆಗೆದುಕೊಳ್ಳುವ ಶೀಟು. ಸ್ಕ್ರಾಪ್ ಅಂದರೆ ಶೀಟು ಮಾಡದ, ಹಾಗೇ ಹೆಪ್ಪುಗಟ್ಟಿದ ರಬ್ಬರ್. ನಿಜ ಹೇಳಬೇಕೆಂದರೆ ನಮ್ಮಲ್ಲಿ ಸುಮಾರು ಜನ ಮಾರುವುದು ಲಾಟಿಗೆ, ಮನಸ್ಸಿನಲ್ಲಿ ಹೋಲಿಸುವುದು ಆರ್‌ಎಸ್‌ಎಸ್-4ಕ್ಕೆ. ಜಗಳದ ಮೂಲ ಇಲ್ಲೇ ಇದೆ.

ಈಗ ಮಾಡಬೇಕಾದ ಕೆಲಸ: ಒಂದು ನೋಟ್‌ಬುಕ್ಕಿನಲ್ಲಿ ಮೂರು ಕಾಲಂ ಹಾಕಿ. ಕೊಟ್ಟಾಯಂನ ಆರ್‌ಎಸ್‌ಎಸ್-4, ನಿಮ್ಮ ಊರಿನ ಆರ್‌ಎಸ್‌ಎಸ್-4, ನಿಮ್ಮ ಊರಿನ ಲಾಟ್. ವಾರಕ್ಕೆ ಎರಡು ಸಲ ಬರೆದರೂ ಸಾಕು. ಒಂದೆರಡು ತಿಂಗಳಲ್ಲಿ ನಿಮ್ಮ ಊರಿನ ಸಾಮಾನ್ಯ ಅಂತರ ಎಷ್ಟು ಅಂತ ಗೊತ್ತಾಗುತ್ತದೆ. ಆಮೇಲೆ ಯಾವ ವ್ಯಾಪಾರಿ ಬಂದು ಏನು ಹೇಳಿದರೂ ಅದು ಮಾಮೂಲಿ ಅಂತರವೋ ಜಾಸ್ತಿಯೋ ಅಂತ ಅಲ್ಲೇ ಹೇಳಬಹುದು.

ಹಂತ 2: ದರ ಎಲ್ಲಿಂದ ಬರುತ್ತದೆ ಅಂತ ಅರ್ಥ ಮಾಡಿಕೊಳ್ಳಿ

ಸ್ವಲ್ಪ ಉದ್ದದ ಭಾಗ ಇದು, ಬೇಸರ ಮಾಡಬೇಡಿ.

ಭಾರತದಲ್ಲಿ ಬೆಳೆಯುವ ರಬ್ಬರ್ ಇಲ್ಲಿನ ಕಾರ್ಖಾನೆಗಳಿಗೆ ಸಾಲುವುದಿಲ್ಲ. 2023-24ರಲ್ಲಿ ಉತ್ಪಾದನೆ ಎಂಟೂವರೆ ಲಕ್ಷ ಟನ್ ಆಸುಪಾಸು, ಬಳಕೆ 14 ಲಕ್ಷ ಟನ್ ದಾಟಿತ್ತು. ಬಳಕೆಯ ದೊಡ್ಡ ಪಾಲು ಟಯರಿಗೆ ಹೋಗುತ್ತದೆ. ಸಾಲದ್ದನ್ನು ಹೊರಗಿನಿಂದ ತರುತ್ತಾರೆ, ಅದರಲ್ಲಿ ಬ್ಲಾಕ್ ರಬ್ಬರೇ ಜಾಸ್ತಿ. ಕೊರತೆ ಇದ್ದರೆ ದರ ಏರಬೇಕಲ್ವಾ ಅಂತ ನೀವು ಕೇಳಬಹುದು. ಹೊರಗಿನ ಮಾಲು ಎಷ್ಟಕ್ಕೆ ಬಂದು ಬೀಳುತ್ತದೆ ಅನ್ನುವುದೇ ಟಯರ್ ಕಂಪನಿಯ ಅಳತೆಗೋಲು. ಅದಕ್ಕಿಂತ ತುಂಬಾ ಮೇಲೆ ನಮ್ಮ ದರ ಬಹಳ ದಿನ ನಿಲ್ಲುವುದಿಲ್ಲ.

ಆ ಲೆಕ್ಕ ಹಾಕುವುದು ಕಷ್ಟ ಏನಿಲ್ಲ. ಬೋರ್ಡಿನ ಪಟ್ಟಿಯಲ್ಲೇ ಬ್ಯಾಂಕಾಕ್‌ನ ಆರ್‌ಎಸ್‌ಎಸ್-3 ದರವೂ ಮಲೇಷ್ಯಾದ ಬ್ಲಾಕ್ ರಬ್ಬರ್ ಎಸ್‌ಎಂಆರ್-20ರ ದರವೂ ಇರುತ್ತದೆ. ಒಣ ರಬ್ಬರಿನ ಆಮದು ಸುಂಕ 2015ರಿಂದ ಶೇ. 25 ಅಥವಾ ಕೆಜಿಗೆ 30 ರೂ., ಯಾವುದು ಕಡಿಮೆಯೋ ಅದು. ಆ ಕೊನೆಯ ಮಾತನ್ನು ಸರಿಯಾಗಿ ಗಮನಿಸಿ. ಹೊರಗಿನ ದರ 120 ರೂ. ಇದ್ದರೆ ಶೇ. 25 ಅಂದರೂ 30 ರೂ. ಅಂದರೂ ಒಂದೇ. ದರ ಅದಕ್ಕಿಂತ ಮೇಲೆ ಹೋದಷ್ಟೂ ಸುಂಕ 30ರಲ್ಲೇ ನಿಂತುಬಿಡುತ್ತದೆ. ಲೆಕ್ಕಕ್ಕೆ ಹೊರಗಿನ ದರ 180 ಅಂತ ಇಟ್ಟುಕೊಳ್ಳಿ. ಶೇ. 25 ಆಗಿದ್ದರೆ ಸುಂಕ 45 ರೂ. ಆಗಬೇಕಿತ್ತು, ಬೀಳುವುದು 30 ಮಾತ್ರ. 180ಕ್ಕೆ 30 ಸೇರಿಸಿ, ಹಡಗಿನ ಬಾಡಿಗೆ, ಬಂದರಿನ ಖರ್ಚು ಸೇರಿಸಿ. ಬರುವ ಮೊತ್ತವೇ ಸುಮಾರಾಗಿ ನಮ್ಮ ದರದ ಛಾವಣಿ. ರೂಪಾಯಿ ಬಿದ್ದರೆ ಛಾವಣಿ ಸ್ವಲ್ಪ ಮೇಲೇರುತ್ತದೆ, ರೂಪಾಯಿ ಗಟ್ಟಿಯಾದರೆ ಇಳಿಯುತ್ತದೆ.

ಈ ಛಾವಣಿಯಲ್ಲಿ ಎರಡು ತೂತುಗಳಿವೆ. ಟಯರ್ ರಫ್ತು ಮಾಡುವ ಕಂಪನಿ ಆ ರಫ್ತಿಗೆ ಬೇಕಾದ ರಬ್ಬರನ್ನು ಮುಂಗಡ ಪರವಾನಗಿಯಡಿ ಸುಂಕವಿಲ್ಲದೆ ತರಬಹುದು. ಇನ್ನೊಂದು ಕಾಂಪೌಂಡ್ ರಬ್ಬರ್, ಅಂದರೆ ಬೇರೆ ಪದಾರ್ಥ ಬೆರೆಸಿದ ರಬ್ಬರ್. ಅದಕ್ಕೆ ಸುಂಕ ಕಡಿಮೆ ಇದ್ದ ಕಾರಣ ಆ ಹೆಸರಿನಲ್ಲಿ ಮಾಲು ಬರುತ್ತಿತ್ತು. 2023ರ ಬಜೆಟ್ಟಿನಲ್ಲಿ ಅದರ ಸುಂಕವನ್ನೂ ಶೇ. 10ರಿಂದ ಶೇ. 25 ಅಥವಾ 30 ರೂ. ಮಟ್ಟಕ್ಕೆ ತಂದರು. ಆಗ್ನೇಯ ಏಷ್ಯಾ ದೇಶಗಳ ಜೊತೆಗಿನ ಆಸಿಯಾನ್ ವ್ಯಾಪಾರ ಒಪ್ಪಂದದಿಂದ ನಮ್ಮ ಕಥೆ ಮುಗಿಯಿತು ಅಂತ ಊರಲ್ಲಿ ಹೇಳುವವರಿದ್ದಾರೆ. ನೈಸರ್ಗಿಕ ರಬ್ಬರನ್ನು ಆ ಒಪ್ಪಂದದ ಸುಂಕ ಕಡಿತದಿಂದ ಹೊರಗಿಟ್ಟಿದ್ದಾರೆ ಅನ್ನುವುದು ಅವರಿಗೆ ಗೊತ್ತಿರುವುದಿಲ್ಲ.

ಉಳಿದದ್ದು ಹೊರಗಿನ ಗಾಳಿ. ಚೀನಾದಲ್ಲಿ ವಾಹನ ಜಾಸ್ತಿ ಓಡಿದರೆ ಬೇಡಿಕೆ ಏರುತ್ತದೆ. ಕಚ್ಚಾ ತೈಲ ಅಗ್ಗವಾದರೆ ಅದರಿಂದ ಮಾಡುವ ಸಿಂಥೆಟಿಕ್ ರಬ್ಬರೂ ಅಗ್ಗವಾಗಿ ನಮ್ಮದನ್ನು ಎಳೆಯುತ್ತದೆ. ಥೈಲ್ಯಾಂಡಿನಲ್ಲಿ ನೆರೆ ಬಂದರೆ ಪೂರೈಕೆ ನಿಲ್ಲುತ್ತದೆ. ಶಾಂಘೈ, ಸಿಂಗಾಪುರ, ಜಪಾನಿನ ವಾಯಿದಾ ಮಾರುಕಟ್ಟೆಯಲ್ಲಿ ಇವತ್ತು ಆದದ್ದು ಎರಡು ದಿನದಲ್ಲಿ ಕೊಟ್ಟಾಯಂಗೆ ಬರುತ್ತದೆ, ಅಲ್ಲಿಂದ ಉಜಿರೆಗೆ.

ದರದ ಏರಿಳಿತ ಎಷ್ಟಿರುತ್ತದೆ ಅಂತ ಗೊತ್ತಿರಲಿ. 2011ರ ಏಪ್ರಿಲ್‌ನಲ್ಲಿ ಆರ್‌ಎಸ್‌ಎಸ್-4 ಕೆಜಿಗೆ 240 ರೂ. ದಾಟಿತ್ತು. ಆ ಹುಮ್ಮಸ್ಸಿನಲ್ಲೇ ನಮ್ಮ ಕಡೆ ಎಷ್ಟೋ ಗೇರು ಗುಡ್ಡಗಳು ರಬ್ಬರ್ ಆದವು. 2016ರ ಆರಂಭದಲ್ಲಿ ದರ 100ಕ್ಕಿಂತ ಕೆಳಗೆ ಬಿತ್ತು. ಎಷ್ಟೋ ತೋಟಗಳಲ್ಲಿ ಟ್ಯಾಪಿಂಗ್, ಅಂದರೆ ಮರದ ಪಟ್ಟೆ ಕೊಯ್ದು ಹಾಲು ತೆಗೆಯುವುದನ್ನು ನಿಲ್ಲಿಸಿದರು. 2024ರ ಆಗಸ್ಟ್‌ನಲ್ಲಿ 247 ರೂ. ಮುಟ್ಟಿ ಹಳೆಯ ದಾಖಲೆ ಮುರಿಯಿತು. ಆ ವರ್ಷದ ಕಥೆ ನೋಡಿ: ಮಾರ್ಚ್‌ನಲ್ಲಿ ಬ್ಯಾಂಕಾಕ್ ದರ ನಮ್ಮದಕ್ಕಿಂತ ಸಾಕಷ್ಟು ಮೇಲಿತ್ತು, ಆಗಸ್ಟ್ ಹೊತ್ತಿಗೆ ನಮ್ಮದೇ ಮೇಲೆ. ಮಳೆಗೆ ಇಲ್ಲಿ ಟ್ಯಾಪಿಂಗ್ ಕಡಿಮೆ, ಕಂಟೇನರ್ ಸಿಗದೆ ಆಮದು ತಡ, ಎರಡೂ ಒಟ್ಟಿಗೆ ಬಂತು. ಛಾವಣಿ ಅಂತ ಹೇಳಿದೆನಲ್ಲ, ಹಡಗು ಬಾರದಿದ್ದರೆ ಅದೂ ಕೆಲಸ ಮಾಡುವುದಿಲ್ಲ.

ಕಾಸರಗೋಡಿನಲ್ಲಿ ನೆಂಟರಿರುವವರಿಗೆ ಒಂದು ಮಾತು. ಕೇರಳ ಸರ್ಕಾರ 2015ರಲ್ಲಿ ಕೆಜಿಗೆ 150 ರೂ. ಆಧಾರ ಬೆಲೆ ಇಟ್ಟು, ಮಾರುಕಟ್ಟೆ ಅದಕ್ಕಿಂತ ಕೆಳಗಿದ್ದರೆ ವ್ಯತ್ಯಾಸವನ್ನು ಸಣ್ಣ ಬೆಳೆಗಾರರ ಖಾತೆಗೆ ಹಾಕುವ ಯೋಜನೆ ಶುರು ಮಾಡಿತು. ಆಧಾರ ಬೆಲೆಯನ್ನು ಆಮೇಲೆ ಏರಿಸುತ್ತಲೂ ಬಂತು. ಅದು ಅಲ್ಲಿನ ರಾಜ್ಯದ ದುಡ್ಡು. ತಲಪಾಡಿಯಿಂದ ಈಚೆಗೆ ಅದು ಬರುವುದಿಲ್ಲ. ಹಾಗಾಗಿ ಅವರ ಕೈಗೆ ಬಂದ ಮೊತ್ತಕ್ಕೆ ನಮ್ಮದನ್ನು ಹೋಲಿಸಿ ವ್ಯಾಪಾರಿ ಜೊತೆ ಜಗಳ ಆಡಿ ಪ್ರಯೋಜನ ಇಲ್ಲ.

ಹಂತ 3: ಹಾಲೋ, ಶೀಟೋ, ಸ್ಕ್ರಾಪೋ?

ಹಾಲನ್ನೇ ಬ್ಯಾರಲ್ಲಿನಲ್ಲಿ ಕೊಡುವುದಾದರೆ ಕೆಲಸ ಕಡಿಮೆ. ರೋಲರ್ ಬೇಡ, ಹೊಗೆಗೂಡು ಬೇಡ. ಆದರೆ ದುಡ್ಡು ಪೂರ್ತಿ ಡಿಆರ್‌ಸಿ ಮೇಲೆ ನಿಂತಿದೆ, ಅಂದರೆ ಹಾಲಿನಲ್ಲಿ ಒಣ ರಬ್ಬರ್ ಎಷ್ಟು ಪರ್ಸೆಂಟ್ ಅನ್ನುವುದರ ಮೇಲೆ. ತೋಟದ ಹಾಲಿನಲ್ಲಿ ಸಾಮಾನ್ಯವಾಗಿ 30ರಿಂದ 40ರವರೆಗೆ ಇರುತ್ತದೆ. 200 ಕೆಜಿ ಹಾಲು, ಡಿಆರ್‌ಸಿ 35 ಅಂದರೆ ಒಣ ರಬ್ಬರ್ 70 ಕೆಜಿ. ಅದನ್ನೇ 33 ಅಂತ ಬರೆದರೆ 66 ಕೆಜಿ. ಕೆಜಿಗೆ 200 ರೂ. ಲೆಕ್ಕದಲ್ಲಿ ಒಂದೇ ಬ್ಯಾರಲ್ಲಿನಲ್ಲಿ 800 ರೂ. ಹೋಯಿತು. ಆದ್ದರಿಂದ ಸ್ಯಾಂಪಲ್ ತೆಗೆಯುವ ಮೊದಲು ಬ್ಯಾರಲ್ಲನ್ನು ಚೆನ್ನಾಗಿ ಕಲಕಲು ಹೇಳಿ. ಹಾಲಿನ ಗಟ್ಟಿತನ ಅಳೆಯುವ ಮೆಟ್ರೋಲ್ಯಾಕ್ ಅನ್ನುವ ಮಾಪಕ ಮುಳುಗಿಸಿ ನೋಡುವುದು ಬರೀ ಅಂದಾಜು. ಸ್ಯಾಂಪಲ್ ಹೆಪ್ಪುಗಟ್ಟಿಸಿ, ಒಣಗಿಸಿ, ತೂಗಿ ನೋಡುವ ಲ್ಯಾಬ್ ಪರೀಕ್ಷೆಯೇ ಸರಿ. ಆಗಾಗ ಅದೇ ಸ್ಯಾಂಪಲ್ಲಿನ ಇನ್ನೊಂದು ಬಾಟಲಿಯನ್ನು ಬೇರೆ ಕಡೆ ಪರೀಕ್ಷೆ ಮಾಡಿಸಿ.

ಸ್ಕ್ರಾಪ್ ಅಂದರೆ ಗೆರಟೆಯಲ್ಲೇ ಹೆಪ್ಪುಗಟ್ಟಿದ್ದು, ಪಟ್ಟೆಯ ಮೇಲೆ ಒಣಗಿದ್ದು. ಟ್ಯಾಪರ್ ಸಿಗದ ಕಡೆ ಈಗ ಎಲ್ಲವನ್ನೂ ಗೆರಟೆಯಲ್ಲೇ ಹೆಪ್ಪಿಗೆ ಬಿಡುವವರು ಜಾಸ್ತಿ ಆಗಿದ್ದಾರೆ. ಬ್ಲಾಕ್ ರಬ್ಬರ್ ಫ್ಯಾಕ್ಟರಿಗೆ ಅದೇ ಬೇಕು. ತಪ್ಪೇನಿಲ್ಲ. ಆದರೆ ನೀರು ಬಸಿದ ಮೇಲೆ ಮಾರಿ, ಮಣ್ಣು, ಪಟ್ಟೆಚೂರು ಸೇರದಂತೆ ನೋಡಿಕೊಳ್ಳಿ. ಸ್ಕ್ರಾಪ್ 1, ಸ್ಕ್ರಾಪ್ 2ರ ವ್ಯತ್ಯಾಸ ಬರುವುದು ಹೀಗೆಯೇ.

ನನ್ನ ಅಭಿಪ್ರಾಯ ಕೇಳಿದರೆ, ತೋಟದ ಹತ್ತಿರ ನಂಬಿಕೆಯ ಟ್ಯಾಪರ್ ಮತ್ತು ಹೊಗೆಗೂಡು ಇದ್ದರೆ ಶೀಟೇ ಒಳ್ಳೆಯದು. ಶೀಟನ್ನು ಇಟ್ಟುಕೊಂಡು ಕಾಯಬಹುದು. ಸಣ್ಣ ಬೆಳೆಗಾರನಿಗೆ ಇರುವ ಚೌಕಾಸಿಯ ಬಲ ಅದೊಂದೇ.

ಹಂತ 4: ಲಾಟಿನಿಂದ ಆರ್‌ಎಸ್‌ಎಸ್-4ಕ್ಕೆ ಏರಿ

ಅಂತರ ಕಡಿಮೆ ಮಾಡುವ ನಿಜವಾದ ಜಾಗ ಇದು. ಆರ್‌ಎಸ್‌ಎಸ್ ಗ್ರೇಡನ್ನು ಯಂತ್ರ ಹೇಳುವುದಿಲ್ಲ, ಕಣ್ಣು ಹೇಳುತ್ತದೆ. ವ್ಯಾಪಾರಿಯ ಕಣ್ಣು ಮಾತ್ರ ಯಾಕೆ, ನಿಮ್ಮ ಕಣ್ಣನ್ನೂ ಪಳಗಿಸಿ.

ಒಂದು ಶೀಟು ತೆಗೆದು ಬಾಗಿಲ ಬೆಳಕಿಗೆ ಅಡ್ಡ ಹಿಡಿಯಿರಿ. ಪೂರ್ತಿ ಒಣಗಿದ್ದರೆ ಜೇನಿನ ಬಣ್ಣದಲ್ಲಿ ಬೆಳಕು ಆಚೆಯಿಂದ ಹಾಯುತ್ತದೆ. ನಡುವೆ ಎಲ್ಲಾದರೂ ಬಿಳಿಚಿದ, ಮಬ್ಬಾದ ಪಟ್ಟಿ ಕಂಡರೆ ಅಲ್ಲಿ ನೀರು ಉಳಿದಿದೆ. ಇದು ಹೆಚ್ಚಾಗಿ ದಪ್ಪ ಅಂಚಿನಲ್ಲಿ, ಬಿದಿರಿನ ಗಳುವಿಗೆ ತಾಗಿದ ಮಡಿಕೆಯಲ್ಲಿ ಇರುತ್ತದೆ. ಕಪ್ಪು ಚುಕ್ಕೆ ಕಂಡರೆ ಪಟ್ಟೆಯ ಚೂರು. ಸೂಜಿಮೊನೆಯಷ್ಟು ಗುಳ್ಳೆಗಳ ಸಾಲು ಕಂಡರೆ ಹಾಲಿನಲ್ಲಿ ನೊರೆ ತೆಗೆದಿಲ್ಲ. ಕೈಗೆ ಅಂಟಿದರೆ ಆಮ್ಲ ತೊಳೆದು ಹೋಗಿಲ್ಲ ಅಥವಾ ಬಿಸಿ ಜಾಸ್ತಿ ಆಗಿದೆ. ಆರ್‌ಎಸ್‌ಎಸ್-4ರಲ್ಲಿ ಸಣ್ಣಪುಟ್ಟ ಪಟ್ಟೆಚೂರು, ಗುಳ್ಳೆ, ಕಲೆ ನಡೆಯುತ್ತದೆ. ಸರಿಯಾಗಿ ಒಣಗದ, ಸುಟ್ಟ, ಬಲವಿಲ್ಲದ ಶೀಟು ನಡೆಯುವುದಿಲ್ಲ. ಅಂದರೆ 4ನೇ ಗ್ರೇಡಿಗೆ ಏರಲು ಬಹಳ ಚಂದದ ಶೀಟೇನೂ ಬೇಕಿಲ್ಲ, ಒಣಗಿದ ಸ್ವಚ್ಛ ಶೀಟು ಸಾಕು.

ಮಾಡುವ ಕ್ರಮ ಹೀಗೆ. ಹಾಲನ್ನು ಮೊದಲು 40 ಮೆಶ್, ಆಮೇಲೆ 60 ಮೆಶ್ ಜರಡಿಯಲ್ಲಿ ಸೋಸಿ. ಡಿಆರ್‌ಸಿ 12.5ಕ್ಕೆ ಬರುವಷ್ಟು ಶುದ್ಧ ನೀರು ಸೇರಿಸಿ. ಹೀಗೆ ತೆಳು ಮಾಡಿದ ಹಾಲು ಒಂದು ಡಿಶ್ಶಿಗೆ 4 ಲೀಟರ್ ಹಾಕಿದರೆ ಅರ್ಧ ಕೆಜಿಯ ಶೀಟು ಬರುತ್ತದೆ. ಅಂದಾಜಿಗೆ ನೀರು ಸುರಿದರೆ ಒಂದು ಶೀಟು ದಪ್ಪ, ಒಂದು ತೆಳು. ದಪ್ಪದ್ದು ಒಣಗುವಷ್ಟರಲ್ಲಿ ತೆಳುವಿನದ್ದು ಸುಟ್ಟಿರುತ್ತದೆ. ಹೆಪ್ಪಿಗೆ ಫಾರ್ಮಿಕ್ ಆಮ್ಲವನ್ನೇ ಬಳಸಿ, ಅದೂ ನೀರಿನಲ್ಲಿ ತೆಳು ಮಾಡಿ. ಅಗ್ಗ ಅಂತ ಸಲ್ಫ್ಯೂರಿಕ್ ಹಾಕುವವರಿದ್ದಾರೆ. ಅದರಿಂದ ಶೀಟಿನ ಗುಣ ಕೆಡುತ್ತದೆ, ರೋಲರೂ ತುಕ್ಕು ಹಿಡಿಯುತ್ತದೆ. ನೊರೆಯನ್ನು ಕೆನೆ ತೆಗೆದ ಹಾಗೆ ಪೂರ್ತಿ ತೆಗೆಯಿರಿ. ರೋಲ್ ಮಾಡಿದ ಶೀಟು 3 ಮಿಲಿಮೀಟರ್ ಮೀರದಿರಲಿ. ಹರಿಯುವ ನೀರಿನಲ್ಲಿ ತೊಳೆದು ನೆರಳಲ್ಲಿ ಬಸಿಯಲು ಹಾಕಿ.

ಹೊಗೆಗೂಡಿನಲ್ಲಿ ಸಾಮಾನ್ಯವಾಗಿ 4 ದಿನ ಬೇಕು. ಮೊದಲ ದಿನ 40 ಡಿಗ್ರಿ ಹತ್ತಿರ ಇಟ್ಟು, ಮೆಲ್ಲಗೆ ಏರಿಸಿ, 60 ದಾಟದಂತೆ ನೋಡಿಕೊಳ್ಳಿ. ಅಡುಗೆಮನೆಯ ಹೊಗೆ ಅಟ್ಟದಲ್ಲಿ ಒಣಗಿಸುವ ಅಭ್ಯಾಸ ನಮ್ಮ ಕಡೆ ಇನ್ನೂ ಇದೆ. ಅಲ್ಲಿ ಒಂದು ದಿನ ಬಿಸಿ, ಒಂದು ದಿನ ತಣ್ಣಗೆ. ಶೀಟು ಕಪ್ಪಾಗುತ್ತದೆಯೇ ಹೊರತು ಒಣಗುವುದಿಲ್ಲ. ಥರ್ಮಾಮೀಟರ್ ಒಂದನ್ನು ತಂದು ನೇತುಹಾಕಿ, ದೊಡ್ಡ ಖರ್ಚೇನಲ್ಲ. ಶೀಟನ್ನು ದಿನಾ ಗಳುವಿನ ಮೇಲೆ ಸ್ವಲ್ಪ ಸರಿಸಿ, ಇಲ್ಲದಿದ್ದರೆ ಬಿದಿರಿನ ಗುರುತು ಹಾಗೇ ಉಳಿಯುತ್ತದೆ.

ಕೊನೆಗೆ ನೀವೇ ಬೇರ್ಪಡಿಸಿ. ಚೆನ್ನಾಗಿರುವುದು ಒಂದು ಕಟ್ಟು, ಸುಮಾರಿನದ್ದು ಇನ್ನೊಂದು ಕಟ್ಟು. ಹತ್ತು ಒಳ್ಳೆ ಶೀಟಿನ ನಡುವೆ ಎರಡು ಹಸಿ ಶೀಟು ಇದ್ದರೆ ವ್ಯಾಪಾರಿ ಕೈ ಹಾಕುವುದು ಆ ಎರಡಕ್ಕೇ, ದರ ಕಟ್ಟುವುದು ಹನ್ನೆರಡಕ್ಕೂ.

ಹಂತ 5: ಯಾರಿಗೆ ಮಾರಬೇಕು

ರಬ್ಬರ್ ಕೊಳ್ಳುವ ವ್ಯಾಪಾರಿಗೆ ರಬ್ಬರ್ ಬೋರ್ಡಿನ ಲೈಸೆನ್ಸ್ ಇರಬೇಕು. ಕೇಳಲು ಸಂಕೋಚ ಬೇಡ. ಪುತ್ತೂರಿನಲ್ಲಿ, ಉಜಿರೆಯಲ್ಲಿ ರಬ್ಬರ್ ಬೆಳೆಗಾರರದ್ದೇ ಸಹಕಾರಿ ಸಂಘಗಳಿವೆ. ಮಂಗಳೂರಿನ ಕ್ಯಾಂಪ್ಕೊ ಅಡಿಕೆಯ ಜೊತೆ ರಬ್ಬರನ್ನೂ ಖರೀದಿ ಮಾಡುತ್ತದೆ. ಸಂಘದ ದರ ಕೆಲವು ದಿನ ಖಾಸಗಿ ಅಂಗಡಿಗಿಂತ ಒಂದೆರಡು ರೂಪಾಯಿ ಕಡಿಮೆ ಇದ್ದೀತು. ಆದರೂ ತೂಕ, ಬಿಲ್ಲು, ಗ್ರೇಡಿನ ವಿಷಯದಲ್ಲಿ ನೆಮ್ಮದಿ ಇರುತ್ತದೆ. ಖಾಸಗಿಯವರ ದರ ಏರಲು ಸಂಘ ಪಕ್ಕದಲ್ಲಿ ಇರುವುದೇ ಕಾರಣ ಅನ್ನುವುದನ್ನೂ ಮರೆಯಬೇಡಿ.

ಸುತ್ತಮುತ್ತ ರಬ್ಬರ್ ಉತ್ಪಾದಕರ ಸಂಘ, ಅಂದರೆ ಆರ್‌ಪಿಎಸ್ ಇದ್ದರೆ ಸೇರಿಕೊಳ್ಳಿ. ಹತ್ತಾರು ಜನರ ಶೀಟು ಒಟ್ಟುಗೂಡಿ ಒಂದು ಲೋಡ್ ಆದರೆ ಮಾತಾಡುವ ರೀತಿಯೇ ಬೇರೆ. ಬೋರ್ಡು 2022ರಲ್ಲಿ ಎಂ-ರೂಬ್ ಅನ್ನುವ ಆನ್‌ಲೈನ್ ಮಾರಾಟ ವೇದಿಕೆ ಶುರು ಮಾಡಿದೆ. ನೂರು ಕೆಜಿ ಇಟ್ಟುಕೊಂಡವರಿಗೆ ಅದರಿಂದ ನೇರ ಲಾಭ ಕಡಿಮೆ. ಸಂಘದ ಹೆಸರಿನಲ್ಲಿ ಹೋದರೆ ಅರ್ಥ ಇದೆ. ನೋಂದಣಿ ಹೇಗೆ ಅಂತ ಬೋರ್ಡಿನ ಪ್ರಾದೇಶಿಕ ಕಚೇರಿಯಲ್ಲಿ ಹೇಳುತ್ತಾರೆ. ಮಂಗಳೂರಿನಲ್ಲೂ ಇದೆ, ಪುತ್ತೂರಿನಲ್ಲೂ ಇದೆ.

ಹಂತ 6: ತಕ್ಕಡಿಯ ಮುಂದೆ

ಮನೆಯಲ್ಲಿ ತೂಗಿಯೇ ಹೊರಡಿ. ದರ ಕೇಳುವಾಗ "ಇವತ್ತು ಎಷ್ಟು?" ಅನ್ನಬೇಡಿ. "4ಕ್ಕೆ ಎಷ್ಟು, 5ಕ್ಕೆ ಎಷ್ಟು, ಲಾಟಿಗೆ ಎಷ್ಟು?" ಅಂತ ಮೂರೂ ಕೇಳಿ. ದರ ಹೇಳಿಸಿಕೊಂಡ ಮೇಲೆಯೇ ಕಟ್ಟು ಬಿಚ್ಚಿ. ತೇವಾಂಶ ಅಂತ ಕಳೆದರೆ ಯಾವ ಶೀಟಿನಲ್ಲಿ ಅಂತ ತೋರಿಸಲು ಹೇಳಿ, ಬೆಳಕಿಗೆ ಹಿಡಿಯಿರಿ. ಕೆಲವು ಕಡೆ ಮಾಲು ಹೇಗೇ ಇರಲಿ, ಕ್ವಿಂಟಾಲಿಗೆ ಇಷ್ಟು ಅಂತ ಕಣ್ಣುಮುಚ್ಚಿ ಕಳೆಯುವ ಪದ್ಧತಿ ಇದೆ. 2 ಕೆಜಿ ಕಳೆದರೆ, 200ರ ದರದಲ್ಲಿ 400 ರೂ. ಇದನ್ನು ನಾನು ಒಪ್ಪುವುದಿಲ್ಲ. ಒಣ ಶೀಟು ತಂದವನೂ ಹಸಿ ಶೀಟು ತಂದವನೂ ಒಂದೇ ಆದರೆ ಒಣಗಿಸುವುದಾದರೂ ಯಾಕೆ? ಅಂಥ ಕಡೆ ಶೀಟು ವಾಪಸ್ ತರಲು ಗಾಡಿ ಬಾಡಿಗೆ ಹೋದರೂ ಚಿಂತೆ ಇಲ್ಲ. ಬಿಲ್ಲಿನಲ್ಲಿ ಗ್ರೇಡ್, ತೂಕ, ಕಡಿತ, ದರ ನಾಲ್ಕೂ ಬೇರೆ ಬೇರೆ ಬರೆದಿರಬೇಕು.

ಹಂತ 7: ಯಾವಾಗ ಮಾರಬೇಕು

ಅಕ್ಟೋಬರಿನಿಂದ ಜನವರಿವರೆಗೆ ಹಾಲು ಜಾಸ್ತಿ, ಮಾರುಕಟ್ಟೆಗೆ ಮಾಲೂ ಜಾಸ್ತಿ. ಫೆಬ್ರವರಿ, ಮಾರ್ಚ್‌ನಲ್ಲಿ ಎಲೆ ಉದುರಿ ಹೊಸ ಚಿಗುರು ಬರುವಾಗ ಟ್ಯಾಪಿಂಗ್‌ಗೆ ರಜೆ. ಜೂನ್‌ನಿಂದ ಆಗಸ್ಟ್ ನಮ್ಮ ಕರಾವಳಿ ಮಳೆಯಲ್ಲಿ ರೈನ್‌ಗಾರ್ಡ್, ಅಂದರೆ ಕೊಯ್ದ ಜಾಗಕ್ಕೆ ಮಳೆ ತಾಗದಂತೆ ಕಟ್ಟುವ ಹೊದಿಕೆ ಇಲ್ಲದ ಮರಕ್ಕೆ ಕತ್ತಿ ಇಡುವಂತೆಯೇ ಇಲ್ಲ. ಮಾಲು ಕಡಿಮೆ ಇರುವ ಈ ಎರಡು ಸಮಯದಲ್ಲಿ ದರ ಏರುವ ಸಾಧ್ಯತೆ ಜಾಸ್ತಿ. ಸಾಧ್ಯತೆ ಅಷ್ಟೇ, ಖಾತ್ರಿ ಇಲ್ಲ. ಮೇ ಕೊನೆಯ ಪತ್ತನಾಜೆ ಹೊತ್ತಿಗೆ ರೈನ್‌ಗಾರ್ಡ್ ಹಾಕಿ ಮುಗಿಸಿದವರಿಗೆ ಆಟಿ ತಿಂಗಳ ಜೋರು ಮಳೆಯಲ್ಲೂ ಒಂದಿಷ್ಟು ಶೀಟು ಕೈಯಲ್ಲಿರುತ್ತದೆ. 2024ರಲ್ಲಿ ದುಡ್ಡು ಮಾಡಿದವರಲ್ಲಿ ಅವರೂ ಇದ್ದರು.

ಕಾಯುವುದಕ್ಕೂ ಖರ್ಚಿದೆ. 500 ಕೆಜಿ ಶೀಟು, ದರ 200 ಅಂದರೆ 1 ಲಕ್ಷ ರೂ. ಮಾಲು. ವರ್ಷಕ್ಕೆ ಶೇ. 9 ಬಡ್ಡಿಯ ಸಾಲ ಇದ್ದರೆ ತಿಂಗಳಿಗೆ 750 ರೂ., ಅಂದರೆ ಕೆಜಿಗೆ ಒಂದೂವರೆ ರೂಪಾಯಿ. ಮೂರು ತಿಂಗಳು ಕಾದರೆ ನಾಲ್ಕೂವರೆ ರೂಪಾಯಿ ಏರಿದರಷ್ಟೇ ಅಸಲು. ಮೇಲಿನಿಂದ ತೂಕ ಇಳಿಯುತ್ತದೆ, ಮಳೆಗಾಲದಲ್ಲಿ ಬೂಸ್ಟು ಬರುತ್ತದೆ. ಬೂಸ್ಟು ಬಂದ ಆರ್‌ಎಸ್‌ಎಸ್-4 ಲಾಟಿಗೆ ಇಳಿದರೆ ಕಾದದ್ದೆಲ್ಲ ನೀರಿಗೆ ಹೋಯಿತು. ಹಾಗಾಗಿ ಟ್ಯಾಪರ್ ಕೂಲಿ, ಗೊಬ್ಬರ, ಸಾಲದ ಕಂತಿಗೆ ಬೇಕಾದಷ್ಟನ್ನು ಆಗಿಂದಾಗ ಮಾರಿ. ಮಿಕ್ಕಿದ್ದನ್ನು ಮಾತ್ರ ಇಡಿ. ಅದೂ ನೆಲಕ್ಕೆ ಮರದ ಹಲಗೆ ಹಾಕಿ, ಗೋಡೆಗೆ ತಾಗದಂತೆ ಪೇರಿಸಿ. ಕೊಟ್ಟಾಯಂ ದರ ಹಂತ 2ರ ಛಾವಣಿಯ ಹತ್ತಿರ ಬಂದಿದ್ದರೆ ಇನ್ನೂ ಏರುತ್ತದೆ ಅಂತ ಕೂರಬೇಡಿ, ಕೊಟ್ಟುಬಿಡಿ. ಛಾವಣಿಗಿಂತ ಬಹಳ ಕೆಳಗಿದ್ದರೆ ಕಾಯುವುದಕ್ಕೆ ಒಂದು ಕಾರಣ ಇದೆ.

ಹಂತ 8: ತೋಟದ ಕಾಗದಪತ್ರ

ಯುರೋಪ್ ಒಕ್ಕೂಟ 2023ರಲ್ಲಿ ಒಂದು ಕಾನೂನು ತಂದಿದೆ. 2020ರ ಡಿಸೆಂಬರ್ 31ರ ನಂತರ ಕಾಡು ಕಡಿದ ಜಾಗದಲ್ಲಿ ಬೆಳೆದ ರಬ್ಬರಿನ ಟಯರನ್ನು ಅಲ್ಲಿ ಮಾರುವಂತಿಲ್ಲ. ರಬ್ಬರ್ ಯಾವ ತೋಟದ್ದು ಅಂತ ನಕ್ಷೆಯಲ್ಲಿ ತೋರಿಸಬೇಕು. ಜಾರಿ ಮುಂದಕ್ಕೆ ಹೋಗುತ್ತಲೇ ಇದೆ. ಆದರೂ ರಫ್ತು ಮಾಡುವ ಟಯರ್ ಕಂಪನಿಗಳು ತೋಟದ ಗುರುತು ಇರುವ ಮಾಲನ್ನು ಕೇಳುವ ಕಾಲ ಹತ್ತಿರ ಬರುತ್ತಿದೆ. ರಬ್ಬರ್ ಬೋರ್ಡು ತೋಟಗಳನ್ನು ಮೊಬೈಲ್ ಆ್ಯಪ್‌ನಲ್ಲಿ ಗುರುತಿಸುವ ಕೆಲಸ ಶುರು ಮಾಡಿದೆ. ಕುಮ್ಕಿ, ಅಂದರೆ ಪಟ್ಟಾ ಜಾಗಕ್ಕೆ ತಾಗಿದ ಸರ್ಕಾರಿ ಜಾಗದಲ್ಲಿ ಮರ ಇರುವವರು ಆರ್‌ಟಿಸಿ, ಗಡಿ ಗುರುತು ಹೇಗಿದೆ ಅಂತ ಈಗಲೇ ನೋಡಿಕೊಳ್ಳಿ. ಕಾಗದ ಸರಿ ಇರುವವರು ಬೋರ್ಡಿನ ಫೀಲ್ಡ್ ಅಧಿಕಾರಿಗೆ ಫೋನ್ ಮಾಡಿ ದಿನ ಗೊತ್ತು ಮಾಡಿಕೊಳ್ಳಿ. ಅವರು ಬರುವ ದಿನ ತೋಟದ ಗಡಿ ಗೊತ್ತಿರುವ ಒಬ್ಬರು ಜೊತೆಗಿರಲಿ.